ಕಲ್ಪಿತ ಮಂತ್ರಕೋಶ ಕಟ್ಟುವ ಮೊದಲು ಗರಿ ಎಣಿಸಿ

ಕಲ್ಪಿತ ಲೋಕದ ಕತೆಯಲ್ಲಿ ಪ್ರಾಚೀನ ಮಂತ್ರಗ್ರಂಥವೊಂದು ಇದ್ದೇ ಇರುತ್ತದೆ. ಎಷ್ಟೋ ಕತೆಗಳಲ್ಲಿ ಅದನ್ನು ಯಾರು ತೆರೆದರೂ ಬೇಕಾದ ಪುಟವೇ ಸಿಗುತ್ತದೆ, ಒಂದಕ್ಷರವೂ ಮಾಸಿರುವುದಿಲ್ಲ, ಸಾವಿರ ವರ್ಷದ ಹಿಂದಿನ ಮಾತು ನಿನ್ನೆ ಬರೆದಷ್ಟು ಸಲೀಸಾಗಿ ಅರ್ಥವಾಗುತ್ತದೆ. ಓದುಗರು ಅದನ್ನು ನಂಬುವುದಿಲ್ಲ. ಮಂತ್ರಗಳನ್ನು ಆಮೇಲೆ ಬರೆಯಿರಿ. ಮೊದಲು ಅದು ಯಾವುದರ ಮೇಲೆ ಬರೆದದ್ದು, ಎಷ್ಟು ದಪ್ಪ, ಎಷ್ಟು ಸಲ ಪ್ರತಿಯಾಗಿದೆ, ಎಲ್ಲಿ ಮುರಿದಿದೆ ಎಂದು ಗೊತ್ತುಮಾಡಿಕೊಳ್ಳಿ. ಕತೆಗೆ ಬೇಕಾದ ಗುಟ್ಟುಗಳು ಬಹುಪಾಲು ಅಲ್ಲೇ ಹುಟ್ಟುತ್ತವೆ.

ಓಲೆಗರಿಗಿಂತ ಒಳ್ಳೆಯ ಮಾದರಿ ನಮಗೆ ಬೇಕಿಲ್ಲ. ಗರಿಯ ನಡುವಿನ ಕಡ್ಡಿ ತೆಗೆದು, ನೀರಿನಲ್ಲಿ ಬೇಯಿಸಿ, ಒಣಗಿಸಿ, ಉಜ್ಜಿ ನುಣುಪು ಮಾಡುತ್ತಾರೆ. ಶ್ರೀತಾಳೆಯ ಗರಿ ತೆಳುವಾಗಿ ಬಾಗುತ್ತದೆ. ಸಾಮಾನ್ಯ ತಾಳೆಯದು ದಪ್ಪ, ಪೆಡಸು. ಕಂಟವೆಂಬ ಲೋಹದ ಮೊನೆಯಿಂದ ಅಕ್ಷರ ಕೊರೆದು, ಎಣ್ಣೆಯಲ್ಲಿ ಕಲಸಿದ ಮಸಿ ಸವರಿ ಒರೆಸಿದರೆ ಗೀರುಗಳಲ್ಲಿ ಮಾತ್ರ ಕಪ್ಪು ನಿಲ್ಲುತ್ತದೆ. ಮಸಿ ಸವರದ ಗರಿ ದೂರದಿಂದ ಖಾಲಿಯಂತೆಯೇ ಕಾಣುತ್ತದೆ, ಓರೆ ಬೆಳಕಿಗೆ ಹಿಡಿದರೆ ಅಕ್ಷರ ಎದ್ದು ಬರುತ್ತದೆ. ಕಣ್ಮರೆಯ ಬರಹಕ್ಕೆ ಬೇರೆ ಮಾಯೆ ಯಾಕೆ ಬೇಕು?

ಈಗ ಲೆಕ್ಕ. ನಮ್ಮ ಕಲ್ಪಿತ ಸಂಪುಟಕ್ಕೆ ‘ಇರುಳಕೋಶ’ ಎಂದು ಹೆಸರಿಡೋಣ, 12,000 ಶ್ಲೋಕವಿರಲಿ. ಅನುಷ್ಟುಪ್ ಶ್ಲೋಕಕ್ಕೆ 32 ಅಕ್ಷರ. ಹಿಂದೆ ಗದ್ಯವನ್ನೂ 32 ಅಕ್ಷರಕ್ಕೊಂದು ‘ಗ್ರಂಥ’ ಎಂದು ಎಣಿಸುತ್ತಿದ್ದರು. ಗರಿಯ ಒಂದು ಮಗ್ಗುಲಿಗೆ 7 ಸಾಲು, ಸಾಲಿಗೆ 50 ಅಕ್ಷರ ಎಂದಿಟ್ಟುಕೊಂಡರೆ ಎರಡೂ ಮಗ್ಗುಲು ಸೇರಿ 700 ಅಕ್ಷರ. ಒಟ್ಟು 3,84,000 ಅಕ್ಷರಕ್ಕೆ 549 ಗರಿ ಬೇಕು. ಗರಿ ಅರ್ಧ ಮಿಲಿಮೀಟರ್ ದಪ್ಪವಿದ್ದರೂ ಕಟ್ಟು 27 ಸೆಂಟಿಮೀಟರ್ ಮೀರುತ್ತದೆ. ಇದನ್ನು ಒಂದೇ ದಾರದಲ್ಲಿ ಪೋಣಿಸಿ ಓದಲಾಗದು. 183 ಗರಿಗಳ ಮೂರು ಕಟ್ಟು ಮಾಡಲೇಬೇಕು. ಮೂರು ಕಟ್ಟು ಅಂದಮೇಲೆ ಮೂರು ಮನೆ, ಮೂರು ಗುರುಪರಂಪರೆ, ಅವುಗಳಲ್ಲಿ ಕಳೆದುಹೋದದ್ದೊಂದು. ನಾಯಕಿ ಇಡೀ ಗ್ರಂಥವನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಓಡುವ ದೃಶ್ಯ ಬರೆದಿದ್ದರೆ ತೆಗೆದುಬಿಡಿ.

ಹಾಳಾಗುವುದಕ್ಕೂ ಒಂದು ಕ್ರಮವಿದೆ. ಹೊರಗಿನ ಗರಿಗಳಿಗೆ ಪೆಟ್ಟು ಹೆಚ್ಚು, ಹಾಗಾಗಿ ಮೊದಲ ಮತ್ತು ಕೊನೆಯ ಗರಿಗಳು ಬೇಗ ಹೋಗುತ್ತವೆ. ಕೃತಿಯ ಹೆಸರು, ಕರ್ತೃವಿನ ಹೆಸರು, ಪ್ರತಿ ಮಾಡಿದವನ ಹೆಸರು ಸಾಮಾನ್ಯವಾಗಿ ಇರುವುದು ಕೊನೆಯಲ್ಲೇ. ಅನಾಮಿಕ ಗ್ರಂಥ ಬೇಕಿದ್ದರೆ ಶಾಪದ ಕತೆ ಕಟ್ಟಬೇಕಿಲ್ಲ, ಕೊನೆಯ ಗರಿಯೊಂದು ಮುರಿದರೆ ಸಾಕು. ಗರಿಯ ತುದಿಗಳು ಪುಡಿಯಾದಾಗ ಪ್ರತಿ ಸಾಲಿನ ಮೊದಲ ಮತ್ತು ಕೊನೆಯ ಮೂರು ನಾಲ್ಕು ಅಕ್ಷರ ಹೋಗುತ್ತವೆ. ಹುಳು ಕೊರೆದ ತೂತು ಮೇಲಿನ ಗರಿಯಿಂದ ಕೆಳಗಿನ ಗರಿಗೆ ದಾಟುತ್ತದೆ. ಅಕ್ಕಪಕ್ಕದ ಗರಿಗಳಲ್ಲಿ ಒಂದೇ ಜಾಗದ ಅಕ್ಷರ ಇಲ್ಲವಾಗಿರಬೇಕು. ದಾರ ಹರಿದು ಗರಿಗಳು ಕಲಸಿದಾಗ ಜೋಡಿಸುವವನಿಗೆ ಅಂಚಿನ ಸಂಖ್ಯೆಯೇ ಆಧಾರ, ಅದೂ ಗರಿಗೊಂದು ಸಂಖ್ಯೆ, ಪುಟಕ್ಕೊಂದಲ್ಲ. ಆ ಅಂಚೇ ಪುಡಿಯಾಗಿದ್ದರೆ? ವಿಧಿಯ ಆರನೆಯ ಹೆಜ್ಜೆ ಎರಡನೆಯದಕ್ಕಿಂತ ಮೊದಲು ಬಂದೀತು.

ಇಷ್ಟೆಲ್ಲದಕ್ಕಿಂತ ನನಗೆ ಮುಖ್ಯವೆನಿಸುವುದು ಪ್ರತಿಕಾರನ, ಅಂದರೆ ನೋಡಿ ಪ್ರತಿ ಮಾಡುವವನ, ತಪ್ಪು. 250 ವರ್ಷಕ್ಕೊಂದು ಪ್ರತಿ ಎಂದುಕೊಂಡರೂ ಸಾವಿರ ವರ್ಷದ ಗ್ರಂಥ ಮೂರು ಸಲವಾದರೂ ಕೈ ಬದಲಿಸಿರುತ್ತದೆ. ಕನ್ನಡದಲ್ಲಿ ಬರೆಯುವವರಿಗೆ ಇಲ್ಲಿ ದೊಡ್ಡ ಗಣಿಯೇ ಇದೆ. ಹಳಗನ್ನಡದ ‘ಪಾಲ್’ ಅಂದರೆ ಹಾಲು. ‘ಪ’ಕಾರ ‘ಹ’ಕಾರವಾದ ಮೇಲಿನ ಕಾಲದವನು ಅದನ್ನು ‘ಪಾಲು’ ಎಂದು ಓದಿ ಭಾಗ ಎಂದು ತಿಳಿಯುತ್ತಾನೆ. ಮದ್ದಿನಿಂದ ಹಾಲೇ ಮಾಯವಾಗುತ್ತದೆ. ‘ಪುಳಿ’ ಹುಳಿ, ‘ಪುಲಿ’ ಹುಲಿ. ಪುಳಿಯ ರಸ ಎಂದಿದ್ದದ್ದು ಒಂದು ಪ್ರತಿಯಲ್ಲಿ ಪುಲಿಯ ರಸವಾದರೆ ಮುಂದಿನ ಮಾಂತ್ರಿಕರು ಕಾಡು ಹೊಕ್ಕು ಜೀವ ಕಳೆದುಕೊಳ್ಳುತ್ತಾರೆ. ಹಳೆಯ ಓಲೆಗಳಲ್ಲಿ ಎ–ಏ, ಒ–ಓ ಭೇದ ಎಷ್ಟೋ ಕಡೆ ಗುರುತಾಗಿರುವುದಿಲ್ಲ, ‘ಕೊಡು’ ಮತ್ತು ‘ಕೋಡು’ ಒಂದೇ ರೂಪದಲ್ಲಿರುತ್ತವೆ. ಪದಗಳ ನಡುವೆ ತೆರಪೂ ಇಲ್ಲ. ‘ಮೂರುಗಳಿಗೆ ಉರಿಯಿಡು’ ಎಂದರೆ ಮೂರು ಗಳಿಗೆ, ಅಂದರೆ 72 ನಿಮಿಷ, ಕಾಯಿಸಬೇಕೋ ಅಥವಾ ಮೂರಕ್ಕೂ ಬೆಂಕಿ ಹಚ್ಚಬೇಕೋ?

ಇನ್ನೊಂದು ತಪ್ಪು ಕಣ್ಣಿನದು. ಎರಡು ಸಾಲು ಒಂದೇ ಪದದಲ್ಲಿ ಮುಗಿದರೆ ಪ್ರತಿಕಾರನ ನೋಟ ಮೊದಲನೆಯದರಿಂದ ಎರಡನೆಯದಕ್ಕೆ ಹಾರಿ ನಡುವಿನದು ಪೂರ್ತಿ ಬಿಟ್ಟುಹೋಗುತ್ತದೆ. ಎಲ್ಲ ವಿಧಿಗಳೂ ‘ಕಟ್ಟು’ ಎಂದೇ ಮುಗಿಯುವಂತೆ ಬರೆದಿಡಿ. ಬಿಡಿಸುವ ವಿಧಿ ಬಿಟ್ಟುಹೋಗಿ ಕಟ್ಟುವ ವಿಧಿ ಮಾತ್ರ ಉಳಿದದ್ದು ಯಾರಿಗೂ ತಿಳಿಯುವುದಿಲ್ಲ. ಅಂಚಿನಲ್ಲಿ ಯಾರೋ ಬರೆದಿಟ್ಟ ‘ಇದು ಫಲಿಸದು’ ಎಂಬ ಟಿಪ್ಪಣಿ ಮುಂದಿನ ಪ್ರತಿಯಲ್ಲಿ ಮೂಲದೊಳಗೇ ಸೇರಿಕೊಳ್ಳುವುದೂ ಉಂಟು.

ಭಾಷೆಯ ಪದರಗಳನ್ನು ಬೆರೆಸಬೇಡಿ. ಹೊಸಗನ್ನಡದ ವಾಕ್ಯಕ್ಕೆ ಅಲ್ಲೊಂದು ಇಲ್ಲೊಂದು ‘ಪ’ಕಾರ ಚಿಮುಕಿಸಿದರೆ ಹಳಗನ್ನಡವಾಗದು, ವಿಭಕ್ತಿ, ಕ್ರಿಯಾಪದ ಎಲ್ಲವೂ ಬದಲಾಗಬೇಕು. ಅಷ್ಟು ಹಿಡಿತವಿಲ್ಲದಿದ್ದರೆ ಮೂಲದ ನಾಲ್ಕೇ ಸಾಲು ಬರೆದು ಉಳಿದದ್ದನ್ನು ಮೂಲಕ್ಕೆ ಅರ್ಥ ಬರೆದ ಟೀಕಾಕಾರನ ಮಾತಿನಲ್ಲಿ ಹೇಳಿಸಿ. ಕೊನೆಗೆ ಪ್ರತಿಕಾರನ ಬಿನ್ನಹವಿರಲಿ. ನಿಜವಾದ ಹಸ್ತಪ್ರತಿಗಳಲ್ಲಿ ಅವು ಮನ ಕಲಕುವಂತಿರುತ್ತವೆ: ಕಂಡಂತೆ ಬರೆದಿದ್ದೇನೆ, ದೋಷ ನನ್ನದಲ್ಲ, ಎಣ್ಣೆಯಿಂದ, ನೀರಿನಿಂದ, ಸಡಿಲವಾದ ಕಟ್ಟಿನಿಂದ ಇದನ್ನು ಕಾಪಾಡಿ.

ಗೂಢಲಿಪಿಯ ಅಧ್ಯಾಯ ಬೇಕೆನ್ನುವವರು ಅಂಕಿಗಳಲ್ಲೇ ಬರೆದ ಕನ್ನಡ ಗ್ರಂಥ ಸಿರಿಭೂವಲಯದ ಚಕ್ರಗಳನ್ನು, ಅಂದರೆ ಅಂಕಿ ತುಂಬಿದ ಚೌಕಗಳನ್ನು, ನೋಡಬೇಕು. 27 ಸಾಲು, 27 ಕಂಬ, ಒಟ್ಟು 729 ಮನೆ. ಪ್ರತಿ ಮನೆಯಲ್ಲಿ 1ರಿಂದ 64ರೊಳಗಿನ ಒಂದು ಅಂಕಿ, ಅಂಕಿಗೊಂದು ಅಕ್ಷರ. ಮನೆಗಳಲ್ಲಿ ಸಾಗುವ ದಾರಿ, ಅಂದರೆ ಬಂಧ, ಗೊತ್ತಿದ್ದರೆ ಮಾತ್ರ ಓದು ಸಾಧ್ಯ. ಕತೆಗೆ ಅಷ್ಟು ದೊಡ್ಡದು ಬೇಡ. 9 ಸಾಲು 9 ಕಂಬದ ಚೌಕದಲ್ಲಿ 81 ಮನೆ: ಅಕ್ಷರಕ್ಕೊಂದು ಮನೆಯಂತೆ ಎರಡು ಶ್ಲೋಕಕ್ಕೆ 64, ಉಳಿದ 17ರಲ್ಲಿ ಮುಂದಿನ ಚೌಕದ ದಾರಿಯ ಸುಳಿವು. ಒಂದು ಅಂಕಿ ತಪ್ಪಾದರೆ ಒಂದೇ ಅಕ್ಷರ ಕೆಡುತ್ತದೆ. ಒಂದು ಸಾಲನ್ನೇ ಪ್ರತಿಕಾರ ಬಿಟ್ಟರೆ ದಾರಿ ಕಡಿದು ಚೌಕವಿಡೀ ಗೋಜಲು.

ಬರೆಯುವಾಗ ಮೂಲವನ್ನು ಕಳೆದ ಗರಿಗಳ ಸಮೇತ ಪೂರ್ತಿ ಬರೆದುಕೊಳ್ಳಿ, ಕೆಡಿಸುವ ಕೆಲಸ ಆಮೇಲೆ. ಪಕ್ಕದಲ್ಲಿ ಮೂರು ಕಂಬದ ಪಟ್ಟಿ ಇಟ್ಟುಕೊಳ್ಳಿ: ಮೂಲಪಾಠ, ಕೆಟ್ಟ ಪಾಠ, ಯಾವ ಪ್ರತಿಯಲ್ಲಿ ಕೆಟ್ಟಿತು. ಎರಡನೆಯ ಪ್ರತಿಯಲ್ಲಿ ಹುಲಿಯಾದದ್ದು ಮೂರನೆಯದರಲ್ಲಿ ತಾನಾಗಿ ಹುಳಿಯಾಗಿಬಿಟ್ಟರೆ, ಬೇರೊಂದು ಕಟ್ಟನ್ನು ನೋಡಿ ತಿದ್ದಿದವನೊಬ್ಬ ನಿಮ್ಮ ಕತೆಯಲ್ಲಿ ಇರಬೇಕಾಗುತ್ತದೆ.