ಗುಂಡ್ಯದಲ್ಲಿ ಬಲಕ್ಕೆ ತಿರುಗಿದ ಕಾರು

ಮಳೆಗಾಲದ ಒಂದು ಭಾನುವಾರ ಮಂಗಳೂರಿನಿಂದ ಬೆಂಗಳೂರಿಗೆ ಬಸ್ ಸೀಟೇ ಸಿಗಲಿಲ್ಲ. ಕಾರ್‌ಪೂಲ್ ಆ್ಯಪ್‌ನಲ್ಲಿ ಸೀಟು ಹಿಡಿದೆ. ಪಂಪ್‌ವೆಲ್ ಸರ್ಕಲ್‌ಗೆ ಬಂದ ಕಾರಿನ ನಂಬರೇ ಆ್ಯಪ್‌ನಲ್ಲಿದ್ದದ್ದಕ್ಕಿಂತ ಬೇರೆ. ಕೇಳಿದರೆ, ‘ಆಮೇಲೆ ಹೇಳ್ತೀನಿ, ಮೊದಲು ಹತ್ತಿ, ನೆನೀತೀರ’ ಎಂದ ಗಾಡಿಯವನು. ಬರಬೇಕಿದ್ದ ಇನ್ನಿಬ್ಬರು ಕ್ಯಾನ್ಸಲ್ ಮಾಡಿದ್ದರಂತೆ. ಆದರೂ ಹತ್ತಿದೆ. ನೀವು ಹತ್ತಬೇಡಿ. ನೆನೆದ ಬಟ್ಟೆ ಒಣಗುತ್ತದೆ.

ಉಪ್ಪಿನಂಗಡಿವರೆಗೆ ಮಾತುಕತೆ ಚೆನ್ನಾಗಿಯೇ ಇತ್ತು. ನೆಲ್ಯಾಡಿ ದಾಟಿದ ಮೇಲೆ ಪ್ರಶ್ನೆಗಳು ಶುರುವಾದವು. ಒಬ್ರೇ ಇರೋದಾ? ರೂಮ್ ಯಾವ ಏರಿಯಾ? ‘ಅಣ್ಣ ಹಾಸನದಲ್ಲಿ ಕಾಯ್ತಿದ್ದಾನೆ’ ಅಂತ ಸುಳ್ಳು ಬಿಟ್ಟೆ. ನನಗೆ ಅಣ್ಣನೇ ಇಲ್ಲ. ಗುಂಡ್ಯದಲ್ಲಿ ಕಾರು ಬೆಂಗಳೂರಿನ ದಾರಿಯ ಶಿರಾಡಿ ಘಾಟಿ ಕಡೆ ಹೋಗದೆ ಬಲಕ್ಕೆ, ಸುಬ್ರಹ್ಮಣ್ಯದ ರಸ್ತೆಗೆ ತಿರುಗಿತು. ‘ಘಾಟಿ ಜಾಮ್ ಆಗಿದೆ, ಬಿಸಿಲೆ ಮೇಲೆ ಹೋಗೋಣ.’

ಬಿಸಿಲೆ ಘಾಟಿ ಅಂದರೆ ದಟ್ಟ ಕಾಡು, ಕಿರಿದಾದ ರಸ್ತೆ. ನೆಟ್‌ವರ್ಕ್ ನಂಬುವ ಹಾಗಿಲ್ಲ. ವಾಟ್ಸ್‌ಆ್ಯಪ್‌ನಲ್ಲಿ 8 ಗಂಟೆಯ ಲೈವ್ ಲೊಕೇಶನ್ ಗೆಳತಿಗೆ ಕಳಿಸಿದ್ದೆ ನಿಜ. ಸಿಗ್ನಲ್ ಹೋದರೆ ಅದೂ ನಿಂತಲ್ಲೇ ನಿಲ್ಲುತ್ತದೆ. ಹಾಗಾಗಿ ಏನೇ ಮಾಡುವುದಿದ್ದರೂ ಘಾಟಿ ಹತ್ತುವ ಮುಂಚೆಯೇ ಮಾಡಬೇಕು, ತುರ್ತು ಸಹಾಯದ 112ಕ್ಕೆ ಕರೆ ಮಾಡುವುದು ಕೂಡ.

ನಾನು ಜಗಳ ಮಾಡಲಿಲ್ಲ. ಬಾಯಿಗೆ ಕೈ ಹಿಡಿದು, ‘ವಾಂತಿ ಬರ್ತಿದೆ, ಸುಬ್ರಹ್ಮಣ್ಯ ಪೇಟೆಗೆ ಬಿಡಿ, ಮಾತ್ರೆ ತಗೋಬೇಕು’ ಎಂದೆ. ತನ್ನ ಸೀಟಿನ ಮೇಲೆ ವಾಂತಿಯಾಗುವುದು ಯಾವ ಗಾಡಿಯವನಿಗೆ ಬೇಕು? ಬಸ್‌ಸ್ಟ್ಯಾಂಡ್ ಎದುರೇ ನಿಲ್ಲಿಸಿದ.

ಆದರೆ ಬಾಗಿಲು ಒಳಗಿನಿಂದ ತೆರೆಯಲಿಲ್ಲ. ಚೈಲ್ಡ್ ಲಾಕ್! ಎದೆ ಧಸಕ್ಕೆಂದಿತು. ಗಾಜು ಇಳಿಸಿ, ಕೈ ಹೊರಗೆ ಹಾಕಿ, ಹೊರಗಿನ ಹಿಡಿಯಿಂದ ತೆರೆದೆ. ಹಿಂದಿನ ಬಾಗಿಲು ತೆರೆದಾಗ ಅದರ ಅಂಚಿನಲ್ಲಿ ಈ ಲಾಕ್‌ನ ಪುಟ್ಟ ಸ್ವಿಚ್ ಕಾಣುತ್ತದೆ. ಹತ್ತುವಾಗಲೇ ಅದನ್ನು ನೋಡಿಕೊಳ್ಳಿ. ಬ್ಯಾಗನ್ನು ಡಿಕ್ಕಿಯಲ್ಲಿ ಇಡಬೇಡಿ. ನನ್ನದು ತೊಡೆಯ ಮೇಲಿತ್ತು, ಅದಕ್ಕೇ ತಿರುಗಿ ನೋಡದೆ ನಡೆಯಲು ಆಯಿತು. ದುಡ್ಡು ಪೂರ್ತಿ ಕೊಟ್ಟೇ ಇಳಿದೆ, ಚೌಕಾಸಿಗೆ ಅದು ಹೊತ್ತಲ್ಲ.

ರಾತ್ರಿ ಬಸ್ಸಿನಲ್ಲಿ ಕೊನೆಯ ಸಾಲಿನ ಸೀಟು ಸಿಕ್ಕಿತು. ಶಿರಾಡಿಯಲ್ಲಿ ನಿಜವಾಗಿಯೂ ಜಾಮ್ ಇತ್ತು, ಒಂದೂವರೆ ಗಂಟೆ ನಿಂತೆವು. ಪಾಪ, ಅವನು ಸುಮ್ನೆ ಜಾಸ್ತಿ ಮಾತಾಡುವ ಮನುಷ್ಯನೇ ಆಗಿದ್ದಿರಬಹುದು. ಆದರೆ ನಂಬರ್ ಯಾಕೆ ಬೇರೆ ಇತ್ತು ಅಂತ ಆಮೇಲೆ ಹೇಳ್ತೀನಿ ಅಂದಿದ್ದನಲ್ವಾ? ಎರಡೂವರೆ ಗಂಟೆ ಜೊತೆಗಿದ್ದರೂ ಅದನ್ನು ಹೇಳಲೇ ಇಲ್ಲ.