ಇಡೀ ರಾತ್ರಿ ಏಕೆ ಚಿತ್ರೀಕರಿಸುತ್ತೀರಿ?

ಜನಪದ ಕಲೆಗಳ ಸಾಕ್ಷ್ಯಚಿತ್ರ ಮಾಡುತ್ತೇನೆಂದು ತಿಳಿದ ಕೂಡಲೇ ಹೆಚ್ಚಿನವರು ನನ್ನನ್ನು ಕೇಳುವ ಪ್ರಶ್ನೆಯೊಂದಿದೆ. ಚಿತ್ರದಲ್ಲಿ ಕೊನೆಗೆ ಉಳಿಯುವುದು ಹತ್ತು ನಿಮಿಷದ ಹಾಡು ಅಥವಾ ಆಟ ಮಾತ್ರವಾಗಿರುವಾಗ, ಕಲಾವಿದರನ್ನು ಕರೆಸಿ ಅಷ್ಟನ್ನೇ ಹಾಡಿಸಿಕೊಂಡರೆ ಸಾಲದೇ, ಇಡೀ ರಾತ್ರಿ ಏಕೆ ಚಿತ್ರೀಕರಿಸುತ್ತೀರಿ? ಹಣ ಒದಗಿಸುವವರು ಇದನ್ನೇ ಕೇಳುತ್ತಾರೆ, ಕೆಲವೊಮ್ಮೆ ಸ್ವತಃ ಕಲಾವಿದರೂ ಕೇಳುತ್ತಾರೆ. ಹತ್ತು ನಿಮಿಷಕ್ಕೆಂದು ಹಾಡಿಸಿದಾಗ ಸಿಗುವುದು ಬೇರೆಯದೇ ಒಂದು ಹಾಡು, ಅದನ್ನು ಮೂಲ ಕಾವ್ಯದ ತುಣುಕೆಂದು ಕರೆಯಲೂ ಬರುವುದಿಲ್ಲ ಎಂಬುದು ನನ್ನ ಉತ್ತರ.

ಸಂತ ಮಂಟೇಸ್ವಾಮಿ ಮತ್ತು ಅವರ ಶಿಷ್ಯರ ಕಥೆ ಹೇಳುವ ಮೌಖಿಕ ಕಾವ್ಯವಾದ ಮಂಟೇಸ್ವಾಮಿ ಕಾವ್ಯವನ್ನೇ ನೋಡಿ. ಮೈಸೂರು, ಮಂಡ್ಯ, ಚಾಮರಾಜನಗರ ಸೀಮೆಯ ನೀಲಗಾರರು, ಅಂದರೆ ಮಂಟೇಸ್ವಾಮಿ ಪರಂಪರೆಯ ಗಾಯಕರು, ತಂಬೂರಿ, ಗಗ್ಗರ, ಡಿಕ್ಕಿ, ದಮ್ಮಡಿ ಎಂಬ ವಾದ್ಯಗಳೊಂದಿಗೆ ಇದನ್ನು ರಾತ್ರಿಯಿಡೀ ಹಾಡುತ್ತಾರೆ. ಕಲ್ಯಾಣದ ಸಾಲು, ರಾಚಪ್ಪಾಜಿ ಸಾಲು, ಸಿದ್ದಪ್ಪಾಜಿ ಸಾಲು ಎಂದು ಕಥೆ ಸಾಲುಸಾಲಾಗಿ ಸಾಗುತ್ತದೆ; ಸಾಲು ಎಂದರೆ ಇಲ್ಲಿ ಒಂದು ಕಥಾಭಾಗ. ಯಾವ ಸಾಲನ್ನು ಎಷ್ಟು ಹಿಗ್ಗಿಸಬೇಕು, ಎಲ್ಲಿ ಹಾಡನ್ನು ನಿಲ್ಲಿಸಿ ಮಾತಿಗಿಳಿಯಬೇಕು, ಪಲ್ಲವಿಯಂತೆ ಮರಳಿ ಬರುವ ಸೊಲ್ಲನ್ನು ಹಿಮ್ಮೇಳದವರಿಗೆ ಎಷ್ಟು ಸಲ ಬಿಟ್ಟುಕೊಡಬೇಕು ಎಂಬುದನ್ನು ಮುಖ್ಯ ಗಾಯಕರು ಮುಂದೆ ಕುಳಿತವರ ಮುಖ ನೋಡುತ್ತಲೇ ತೀರ್ಮಾನಿಸುತ್ತಾರೆ. ಹೂಂಗುಟ್ಟುವವರೇ ಇಲ್ಲದ ಧ್ವನಿಮುದ್ರಣದ ಕೋಣೆಯಲ್ಲಿ, ಗೋಡೆಯ ಗಡಿಯಾರವನ್ನು ನೋಡುತ್ತ ಹಾಡುವಾಗ, ಅದೇ ಗಾಯಕರು ಕಥೆಯನ್ನು ಬಾಯಿಪಾಠದಂತೆ ಒಪ್ಪಿಸಿ ಏಳುತ್ತಾರೆ.

ತುಳುನಾಡಿನ ಸಿರಿ ಪಾಡ್ದನದ, ಅಂದರೆ ಸಿರಿ ಎಂಬವಳ ಕಥೆ ಹೇಳುವ ತುಳು ಕಥನಗೀತೆಯ, ದಾಖಲೆ ಈ ಮಾತಿಗೆ ದೊಡ್ಡ ಆಧಾರ. 1990ರ ಡಿಸೆಂಬರಿನಲ್ಲಿ ಫಿನ್ಲೆಂಡಿನ ಜಾನಪದ ವಿದ್ವಾಂಸ ಲೌರಿ ಹಾಂಕೊ, ಬಿ. ಎ. ವಿವೇಕ ರೈ ಮತ್ತು ಕೆ. ಚಿನ್ನಪ್ಪ ಗೌಡ ಅವರಿದ್ದ ತಂಡದ ಮುಂದೆ ಪಾಡ್ದನದ ಗಾಯಕ ಗೋಪಾಲ ನಾಯ್ಕರು ಅದನ್ನು ದಿನಗಟ್ಟಲೆ ಹಾಡಿದರು. ಅಚ್ಚಾದಾಗ ಅದು 15,683 ಪಂಕ್ತಿಗಳಾಯಿತು. ಅದಕ್ಕೂ ಮೊದಲು ಅವರೇ ಹೇಳಿ ಬರೆಸಿದ್ದ ಪಾಠ ಇದಕ್ಕಿಂತ ಬಹಳ ಚಿಕ್ಕದು. ನೆನಪು ಅದೇ, ಕವಿ ಅವರೇ; ಹಾಡಲು ಹೊತ್ತು ಸಿಕ್ಕಾಗ ಕಾವ್ಯ ಬೆಳೆಯಿತು.

ಬೆಳಕಿನ ವಿಷಯದಲ್ಲಿ ನಾನು ಪಾಠ ಕಲಿತದ್ದು ಕೊಪ್ಪಳದ ಕಡೆಯ ಒಂದು ತೊಗಲುಗೊಂಬೆ ಆಟದಲ್ಲಿ. ಹೊಸದಾಗಿ ಕೆಲಸ ಆರಂಭಿಸಿದ್ದ ದಿನಗಳವು. ಆಟದ ಹಾಸ್ಯಪಾತ್ರವಾದ ಕಿಳ್ಳೇಕ್ಯಾತನ ಪ್ರಸಂಗವೊಂದನ್ನು ಮಾತ್ರ ಹಗಲಿನಲ್ಲಿ ಆಡಿಸಿ, ಚಿತ್ರ ಸ್ಪಷ್ಟವಾಗಲೆಂದು ಪರದೆಯ ಮುಂದೆ ಒಂದು ದೀಪ ಇಟ್ಟೆ. ಗೊಂಬೆಯ ಹದಮಾಡಿದ ಚರ್ಮ ತೆಳ್ಳಗಿದ್ದು, ಹಿಂದಿನ ದೀಪದ ಬೆಳಕು ಅದರ ಬಣ್ಣಗಳ ಮೂಲಕ ಹಾದುಬಂದಾಗ ಮಾತ್ರ ಕೆಂಪು ಕೆಂಪಾಗಿ, ಹಸಿರು ಹಸಿರಾಗಿ ಹೊಳೆಯುತ್ತದೆ; ಮುಂದಿನಿಂದ ಬೆಳಕು ಬಿದ್ದರೆ ಎಲ್ಲವೂ ಮಂಕಾಗುತ್ತದೆ. ಗೊಂಬೆ ಆಡಿಸುವ ಆ ಮನೆಯ ಹಿರಿಯ ತಾಯಿ ನನ್ನನ್ನು ಕರೆದು, "ಬೆಳಕ ಮುಂದ ಇಟ್ರ ಅದು ಬರೀ ತೊಗಲು, ಹಿಂದ ಇದ್ರ ಗೊಂಬಿ, ತಮ್ಮಾ" ಎಂದರು. ಅಂದಿನ ಚಿತ್ರೀಕರಣವನ್ನು ನಾನು ಎಲ್ಲಿಯೂ ಬಳಸಲಿಲ್ಲ. ಮತ್ತೆ ಹೋದದ್ದು ಊರವರೇ ಆಟ ಕಟ್ಟಿಸಿದ ರಾತ್ರಿ, ಅವರ ದೀಪದಲ್ಲಿಯೇ, ಎರಡು ಕ್ಯಾಮೆರಾಗಳೊಂದಿಗೆ: ಒಂದು ಪರದೆಯ ಮುಂದೆ, ಇನ್ನೊಂದು ಹಿಂದೆ. ಹಿಂದಿನ ಕ್ಯಾಮೆರಾದಲ್ಲಿ ಗೊಂಬೆಗಳನ್ನು ಸರದಿಯಂತೆ ಎತ್ತಿಕೊಡುವ ಮಕ್ಕಳ ಕೈಗಳಿವೆ. ಯಾವ ಗೊಂಬೆ ಯಾವಾಗ ಬೇಕೆಂದು ಯಾರೂ ಬಾಯಿ ಬಿಟ್ಟು ಹೇಳುವುದಿಲ್ಲ. ಕಲೆ ಒಂದು ತಲೆಮಾರಿನಿಂದ ಮತ್ತೊಂದಕ್ಕೆ ದಾಟುವುದು ಹೀಗೆ ಎಂದು ನನಗೆ ಅನ್ನಿಸಿದ್ದು ಆ ಕೈಗಳನ್ನು ನೋಡಿದ ಮೇಲೆ.

ಖರ್ಚು ಹೆಚ್ಚುತ್ತದೆ, ನಿಜ. ಕಲಾವಿದರಿಗೆ ಇಡೀ ರಾತ್ರಿಯ ಸಂಭಾವನೆ ಕೊಡಬೇಕು, ಕೊಡಲೇಬೇಕು. ಸಂಕಲನದಲ್ಲಿ ಬಹುಪಾಲನ್ನು ಬಿಡಬೇಕಾಗುವುದೂ ನಿಜ. ಆದರೆ ಕತ್ತರಿಸದ ಪೂರ್ಣ ದಾಖಲೆಯ ಪ್ರತಿಯೊಂದನ್ನು ಕಲಾವಿದರ ಮನೆಗೆ ತಲುಪಿಸದೆ ನಾನು ಯಾವ ಚಿತ್ರವನ್ನೂ ಮುಗಿಸುವುದಿಲ್ಲ.

ಒಬ್ಬ ನೀಲಗಾರರು ತೀರಿಹೋದ ಮೇಲೆ ಅವರ ಮೊಮ್ಮಗ ಫೋನ್ ಮಾಡಿ, ಅಜ್ಜ ನಡುರಾತ್ರಿ ಎರಡು ಸಾಲುಗಳ ನಡುವೆ ತಂಬೂರಿಯ ಶ್ರುತಿ ಸರಿಮಾಡಿಕೊಳ್ಳುವ ಭಾಗ ಎಲ್ಲಿ ಬರುತ್ತದೆಂದು ಕೇಳಿದ. ಅವನಿಗೆ ಹಾಡು ಬರುತ್ತಿತ್ತು, ಅಜ್ಜನಂತೆ ಶ್ರುತಿ ಹಿಡಿಯುವುದು ಬರುತ್ತಿರಲಿಲ್ಲ. ನನ್ನ ಚಿತ್ರದಲ್ಲಿ ಆ ಭಾಗ ಇರಲಿಲ್ಲ. ಪೂರ್ಣ ದಾಖಲೆಯಲ್ಲಿ ಹುಡುಕಿ, ಸಮಯ ಗುರುತಿಸಿ ಹೇಳಿದೆ.