ಹಳದಿಗೆ ತಿರುಗಿದ ಬ್ಲೂಬೆರಿ ಗಿಡವನ್ನು ಎಬ್ಬಿಸಿ ನೆಟ್ಟ ದಿನ

ತುದಿಯ ಎಳೆ ಎಲೆಯೊಂದನ್ನು ಕಿತ್ತು ಬೆಳಕಿಗೆ ಹಿಡಿದಾಗಲೇ ಅರ್ಧ ಉತ್ತರ ಸಿಕ್ಕಿತ್ತು. ಎಲೆಯ ಮೈಯೆಲ್ಲ ನಿಂಬೆ ಹಳದಿ, ನರಗಳು ಮಾತ್ರ ಬಲೆ ಹೆಣೆದ ಹಾಗೆ ಹಸಿರು. ಅದೇ ರೆಂಬೆಯ ಬುಡದ ಹಳೆ ಎಲೆಗಳಿಗೆ ಏನೂ ಆಗಿಲ್ಲ. ಸಾರಜನಕ ಸಾಲದಿದ್ದರೆ ಮೊದಲು ಹಳದಿಯಾಗುವುದು ಹಳೆ ಎಲೆ, ಅದೂ ನರಗಳ ಸಮೇತ. ಇದು ಕಬ್ಬಿಣದ ಕೊರತೆ. ಮಣ್ಣಿನಲ್ಲಿ ಕಬ್ಬಿಣ ಬೇಕಾದಷ್ಟು ಇರಬಹುದು. ಪಿಎಚ್ (ಮಣ್ಣಿನ ಹುಳಿಯ ಅಳತೆ, ಅಂಕಿ ಕಡಿಮೆಯಾದಷ್ಟೂ ಹುಳಿ ಹೆಚ್ಚು) ಏರಿದಾಗ ಅದು ಬೇರಿಗೆ ದಕ್ಕದ ರೂಪಕ್ಕೆ ಹೋಗಿಬಿಡುತ್ತದೆ. ಇಂಥ ಗಿಡಕ್ಕೆ ಗೊಬ್ಬರ ಸುರಿದರೆ ಎಲೆಯಂಚು ಸುಟ್ಟು ಕಂದಾಗುತ್ತದೆಯೇ ಹೊರತು ಹಸಿರು ಮರಳುವುದಿಲ್ಲ.

ಬುಡದ ಪಕ್ಕದಲ್ಲಿ 10–15 ಸೆಂ.ಮೀ. ಆಳದಿಂದ ಮಣ್ಣು ತೆಗೆದು, ಅಷ್ಟೇ ಪ್ರಮಾಣದ ಡಿಸ್ಟಿಲ್ಡ್ ನೀರಿನಲ್ಲಿ ಕದಡಿ, ಇಪ್ಪತ್ತು ನಿಮಿಷ ಬಿಟ್ಟು ಪಿಎಚ್ ಮೀಟರ್ ಅದ್ದಿದಾಗ ತೋರಿಸಿದ್ದು 6.8. ಟೊಮೆಟೊಗೆ ಒಗ್ಗುವ ಮಣ್ಣು ಅದು. ಬ್ಲೂಬೆರಿಗೆ ಬೇಕಾದದ್ದು 4.5ರಿಂದ 5.5. ಪಿಎಚ್‌ನಲ್ಲಿ ಒಂದು ಅಂಕಿ ಎಂದರೆ ಹುಳಿಯಲ್ಲಿ ಹತ್ತು ಪಟ್ಟು ವ್ಯತ್ಯಾಸ, 6.8 ಮತ್ತು 4.8ರ ನಡುವೆ ಇರುವುದು ನೂರು ಪಟ್ಟು. ಹುಳಿ ಮಣ್ಣಿಲ್ಲದೆ ಈ ಗಿಡ ಬದುಕದು ಎಂದು ಅಮೆರಿಕದ ಸಸ್ಯವಿಜ್ಞಾನಿ ಫ್ರೆಡರಿಕ್ ಕೊವಿಲ್ ತಮ್ಮ ಪ್ರಯೋಗಗಳಿಂದ ತೋರಿಸಿದ್ದು 1910ರಲ್ಲಿ. ಅದನ್ನು ಓದಿ ಅವರ ಜೊತೆ ಕೈಜೋಡಿಸಿದ ನ್ಯೂಜೆರ್ಸಿಯ ಎಲಿಜಬೆತ್ ವೈಟ್ 1916ರಲ್ಲಿ ಮೊದಲ ಬೆಳೆಯನ್ನು ಮಾರುಕಟ್ಟೆಗೆ ಕಳಿಸಿದರು. ಅಲ್ಲಿಯವರೆಗೆ ಇದು ಕಾಡುಹಣ್ಣಾಗಿಯೇ ಇತ್ತು.

ಒಣ ಮಣ್ಣಿನ ಮೇಲೆ ವಿನೆಗರ್ ಹನಿಸಿದಾಗ ಚಿಸ್ಸೆಂದು ನೊರೆ ಬಂತು. ಮಣ್ಣಿನಲ್ಲಿ ಸುಣ್ಣದ ಅಂಶವಿದೆ ಎಂದರ್ಥ. ನೊರೆ ಬರದಿದ್ದರೆ ಗಂಧಕದ ಪುಡಿ ಬೆರೆಸಬಹುದಿತ್ತು: ಪಿಎಚ್ 6ರಿಂದ 4.5ಕ್ಕೆ ಇಳಿಸಲು ಮರಳು ಮಣ್ಣಾದರೆ ಚದರ ಮೀಟರಿಗೆ ಸುಮಾರು 60 ಗ್ರಾಂ, ಗೋಡು ಮಣ್ಣಾದರೆ ಸುಮಾರು 170 ಗ್ರಾಂ. ಆದರೆ ಗಂಧಕವನ್ನು ಆಮ್ಲವಾಗಿಸುವುದು ಮಣ್ಣಿನ ಬ್ಯಾಕ್ಟೀರಿಯಾ. ತೇವ, ಬೆಚ್ಚಗಿನ ಹವೆ ಎರಡೂ ಇದ್ದರೂ ತಿಂಗಳುಗಟ್ಟಲೆ ಹಿಡಿಯುತ್ತದೆ. ಹಾಗಾಗಿ ಅದು ನೆಡುವ ಮೊದಲಿನ ವರ್ಷದ ಕೆಲಸ. ಸುಣ್ಣದ ಮಣ್ಣಿನಲ್ಲಂತೂ ಎಷ್ಟು ಹಾಕಿದರೂ ಸುಣ್ಣವೇ ಅದನ್ನು ನುಂಗುತ್ತದೆ. ಉಳಿದ ದಾರಿ ಕುಂಡ.

ಗಿಡವನ್ನು ಎಬ್ಬಿಸಿದಾಗ ಕಂಡದ್ದು ಎಲೆಗಿಂತ ಸ್ಪಷ್ಟವಾದ ಪುರಾವೆ. ನೆಟ್ಟು ಎರಡು ವರ್ಷವಾಗಿದ್ದರೂ ಬೇರುಗಳು ನರ್ಸರಿ ಕುಂಡದ ಆಕಾರದಲ್ಲೇ ಸುತ್ತಿಕೊಂಡು ನಿಂತಿದ್ದವು. ನರ್ಸರಿಯವರು ತುಂಬಿದ ಪೀಟ್‌ನ (ಜೌಗಿನಲ್ಲಿ ಅರೆ ಕೊಳೆತ ಪಾಚಿಯ ಪುಡಿ) ಆ ಮುದ್ದೆ ದಾಟಿ ತೋಟದ ಮಣ್ಣಿಗೆ ಕಾಲಿಟ್ಟ ಬೇರು ಒಂದೂ ಇಲ್ಲ. ಬ್ಲೂಬೆರಿಯ ಬೇರು ಕೂದಲಿನಷ್ಟು ತೆಳು, ಅದಕ್ಕೆ ಬೇರುರೋಮಗಳೂ ಇಲ್ಲ. ಗಟ್ಟಿ ಮಣ್ಣನ್ನು ಸೀಳಿ ಹೋಗುವ ಶಕ್ತಿ ಅದಕ್ಕಿಲ್ಲ. ಮುದ್ದೆಯ ನಾಲ್ಕೂ ಬದಿಗೆ ಮೇಲಿಂದ ಕೆಳಕ್ಕೆ ಚಾಕುವಿನಿಂದ ಎರಡು ಸೆಂ.ಮೀ. ಆಳ ಗೀರಿ, ಹೊರ ಬೇರುಗಳನ್ನು ಬೆರಳಿನಿಂದ ಬಿಡಿಸಬೇಕು. ಇಲ್ಲಿ ಕೈ ಹೆದರಬಾರದು. ಬಿಡಿಸದೆ ನೆಟ್ಟರೆ ಹೊಸ ಕುಂಡದಲ್ಲೂ ಅದೇ ಸುತ್ತು ಮುಂದುವರಿಯುತ್ತದೆ.

45 ಲೀಟರಿನ ಕುಂಡಕ್ಕೆ ಐದು ಪಾಲು ಪೀಟ್ ಮಾಸ್, ನಾಲ್ಕು ಪಾಲು ಪೈನ್ ತೊಗಟೆಯ ಸಣ್ಣ ಚೂರು, ಒಂದು ಪಾಲು ಪರ್ಲೈಟ್ (ಕಾಯಿಸಿ ಉಬ್ಬಿಸಿದ ಹಗುರ ಬಿಳಿ ಕಲ್ಲಿನ ಹರಳು). ಒಣ ಪೀಟ್ ನೀರನ್ನು ಹತ್ತಿರ ಸೇರಿಸುವುದಿಲ್ಲ, ಹಿಂದಿನ ರಾತ್ರಿಯೇ ಉಗುರುಬೆಚ್ಚಗಿನ ನೀರಿನಲ್ಲಿ ನೆನೆಹಾಕಬೇಕು. ಬೂದಿ, ಸುಣ್ಣ, ಸಗಣಿ ಗೊಬ್ಬರ ಬೇಡವೇ ಬೇಡ. ಕಾಫಿ ಚರಟದಿಂದ ಮಣ್ಣು ಹುಳಿಯಾಗುತ್ತದೆ ಎಂಬ ನಂಬಿಕೆ ಬಲವಾಗಿದೆ, ಆದರೆ ಡಿಕಾಕ್ಷನ್ ಇಳಿಸುವಾಗಲೇ ಹುಳಿಯ ಬಹುಪಾಲು ನೀರಿಗೆ ಹೋಗಿರುತ್ತದೆ. ಗಿಡ ಮೊದಲಿದ್ದ ಮಟ್ಟಕ್ಕೇ ಕೂರಬೇಕು, ಆಳಕ್ಕೆ ಬೇಡ. ಮೇಲೆ ಏಳು ಸೆಂ.ಮೀ. ತೊಗಟೆಯ ಹೊದಿಕೆ, ಕಾಂಡಕ್ಕೆ ತಾಗದಂತೆ.

ನಿಜವಾದ ತೊಂದರೆ ನಲ್ಲಿಯಲ್ಲೂ ಇತ್ತು. ಗಡಸು ನೀರಿನ ಬೈಕಾರ್ಬನೇಟ್ ದಿನವೂ ಒಂದಿಷ್ಟು ಸುಣ್ಣ ಹಾಕಿದ ಹಾಗೆ ಪಿಎಚ್ ಏರಿಸುತ್ತದೆ. ಅತ್ಯುತ್ತಮ ಮಣ್ಣು ಬೆರೆಸಿ ಇದನ್ನು ಮರೆತವರೇ ಹೆಚ್ಚು. ಮಳೆನೀರು ಹಿಡಿದಿಟ್ಟು ಹಾಕುವುದೇ ಸರಿ. ಅದಿಲ್ಲದ ದಿನ ನಲ್ಲಿ ನೀರಿಗೆ ವಿನೆಗರ್ ಸ್ವಲ್ಪ ಸ್ವಲ್ಪವೇ ಬೆರೆಸಿ, ಮೀಟರ್ 5.5 ತೋರಿಸುವವರೆಗೆ ಇಳಿಸಿ ಹಾಕಬಹುದು. ಅದು ತಾತ್ಕಾಲಿಕ ಉಪಾಯ. ಬುಡ ಒಣಗಲೂ ಬಾರದು, ನೀರು ನಿಲ್ಲಲೂ ಬಾರದು.

ಅಂದು ಹೂಗೊಂಚಲುಗಳನ್ನೆಲ್ಲ ಚಿವುಟಿ, ರೆಂಬೆಗಳನ್ನು ಮೂರನೇ ಒಂದು ಭಾಗ ಸವರಿದ್ದಾಯಿತು. ಆ ವರ್ಷದ ಹಣ್ಣು ಹೋಯಿತು, ಆದರೆ ಬೇರಿಗೆ ಅವಕಾಶ ಸಿಕ್ಕಿತು. ಗೊಬ್ಬರ ತಿಂಗಳ ನಂತರ: ಅಮೋನಿಯಂ ಸಲ್ಫೇಟ್ ಒಂದು ಟೀ ಚಮಚದಷ್ಟು, ಕಾಂಡದಿಂದ ದೂರ ಉದುರಿಸಿ ಧಾರಾಳ ನೀರು. ನೈಟ್ರೇಟ್ ಗೊಬ್ಬರ ಈ ಬೇರಿಗೆ ಒಗ್ಗದು. ಆಗಲೇ ಹಳದಿಯಾದ ಎಲೆಗಳ ಕಡೆ ನೋಡಬೇಕಿಲ್ಲ, ಹೊಸ ಚಿಗುರನ್ನು ನೋಡಬೇಕು. ಕುಂಡದ ತಳದಿಂದ ಇಳಿದ ನೀರನ್ನು ಲೋಟದಲ್ಲಿ ಹಿಡಿದು ತಿಂಗಳಿಗೊಮ್ಮೆ ಅಳೆಯಬೇಕು, ಅದು 5.5 ದಾಟಿತೆಂದರೆ, ಎಲೆ ಇನ್ನೂ ಹಸಿರಾಗಿದ್ದಾಗಲೇ ನೀರನ್ನು ಬದಲಿಸುವ ಹೊತ್ತು.